ಸಿಂಗಾನಲ್ಲೂರಿನ ರಾವಣ

ಮೂಕಿ ಚಿತ್ರಗಳ ಕಾಲದ ಮರೆತುಹೋದ ನಟರ ಬಗ್ಗೆ ಮಾತಾಡಿ ಎಂದು ಸಂಘದವರು ಕೇಳಿದಾಗ ನಮ್ಮ ಮಣ್ಣಿನಿಂದಲೇ ಒಬ್ಬರು ನೆನಪಾದರು: ಸಿಂಗಾನಲ್ಲೂರು ಪುಟ್ಟಸ್ವಾಮಯ್ಯ. ರಾಜಕುಮಾರ್ ಅವರ ತಂದೆ ಎಂದರೆ ಕೊಳ್ಳೇಗಾಲ, ಹನೂರು, ಯಳಂದೂರಿನಲ್ಲಿ ಗೊತ್ತಿಲ್ಲದವರಿಲ್ಲ. ನಟರಾಗಿ ಅವರು ಎಂಥವರೆಂದು ಕೇಳಿದರೆ ಉತ್ತರ ಹೇಳುವವರು ಕಡಿಮೆ.

ಅವರು ರಂಗಭೂಮಿಯವರು, ಗುಬ್ಬಿ ನಾಟಕ ಕಂಪನಿಯ ಕಲಾವಿದರು. ಕನ್ನಡ ನಾಡಿನ ಮೂಕಿ ಚಿತ್ರಕ್ಕೂ ಆ ಕಂಪನಿಗೂ ನಂಟುಂಟು. 1930ರ ಆಸುಪಾಸಿನಲ್ಲಿ ಕಂಪನಿಯ ಗುಬ್ಬಿ ವೀರಣ್ಣನವರು ಬೆಲ್ಜಿಯಂನ ರಫೇಲ್ ಆಲ್ಗೋಟ್ ಅವರನ್ನು ಜೊತೆಗಿಟ್ಟುಕೊಂಡು ಮೂಕಿ ಚಿತ್ರಕ್ಕೆ ಕೈಹಾಕಿದ್ದರು. ಮೋಹನ್ ಭವನಾನಿಯವರ ‘ವಸಂತಸೇನಾ’ ಮೂಕಿ ಚಿತ್ರದಲ್ಲಿ ನಮ್ಮ ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದ್ದರು.

ಹೋಲಿಕೆಗೆ ದೂರದ ಒಬ್ಬ ಮೂಕಿ ನಟರನ್ನು ನೋಡಿ. ಅದೇ ಕಾಲದಲ್ಲಿ ಉಕ್ರೇನಿನಲ್ಲಿ ಮಿಕೋಲಾ ನಾದೆಮ್‌ಸ್ಕಿ ಎಂಬ ನಟರಿದ್ದರು. ನಿರ್ದೇಶಕ ದೊವ್‌ಝೆಂಕೊ ಅವರ ‘ಭೂಮಿ’ (1930) ಚಿತ್ರದ ಆರಂಭದಲ್ಲಿ ಒಬ್ಬ ಮುದುಕ ತೋಟದಲ್ಲಿ ಮಲಗಿದ್ದಾನೆ. ಪಕ್ಕದಲ್ಲಿ ಸೇಬಿನ ರಾಶಿ, ಸುತ್ತ ಮನೆಮಂದಿ. ಒಂದು ಹಣ್ಣು ತಿನ್ನುತ್ತಾನೆ, ನಗುತ್ತಾನೆ, ಒರಗುತ್ತಾನೆ, ಸಾಯುತ್ತಾನೆ. ಅಷ್ಟೇ. ಸಾವನ್ನು ಇಷ್ಟು ಸಮಾಧಾನದಿಂದ ಅಭಿನಯಿಸಿದ್ದನ್ನು ನಾನು ಬೇರೆಲ್ಲೂ ಕಂಡಿಲ್ಲ. ಆ ಮುದುಕನ ಪಾತ್ರ ಮಾಡಿದ ನಾದೆಮ್‌ಸ್ಕಿ ಆಗಿನ್ನೂ ನಡುವಯಸ್ಸಿನವರು. 1937ರಲ್ಲಿ ಸ್ಟಾಲಿನ್ ಆಡಳಿತ ಅವರನ್ನು ಗುಂಡಿಟ್ಟು ಕೊಂದಿತು. ಆದರೂ ಆ ನಗು ರೀಲಿನಲ್ಲಿ ಉಳಿದಿದೆ, ಇವತ್ತಿಗೂ ನೋಡಬಹುದು.

ನಮ್ಮ ಪುಟ್ಟಸ್ವಾಮಯ್ಯನವರಿಗೆ ಹಾಗೆ ರೀಲಿನಲ್ಲಿ ಉಳಿಯುವ ಭಾಗ್ಯವಿರಲಿಲ್ಲ. ರಾವಣ, ಕಂಸ, ಹಿರಣ್ಯಕಶಿಪು ಅವರ ಹೆಸರಾಂತ ಪಾತ್ರಗಳು. ಮೈಕಿಲ್ಲದ ಕಾಲದ ಕಂಪನಿ ನಾಟಕ ಹೇಗಿತ್ತೆಂದು ಊಹಿಸಿಕೊಳ್ಳಿ. ಮುಖಕ್ಕೆ ಬಣ್ಣ ಬಳಿದು, ಕಿರೀಟ ಕಟ್ಟಿ, ಗ್ಯಾಸ್‌ಲೈಟಿನ ಬೆಳಕಿಗೆ ಬಂದು ನಿಲ್ಲಬೇಕು. ಹಾರ್ಮೋನಿಯಂ ಶ್ರುತಿಗೆ ಕಂದ ಹಾಡಬೇಕು, ಅದೇ ಉಸಿರಿನಲ್ಲಿ ಗರ್ಜಿಸಬೇಕು. ಚಾಪೆಯ ಮೇಲೆ ಕೂತವನಿಗೂ ಕಟ್ಟಕಡೆಯ ಬೆಂಚಿನವನಿಗೂ ಒಂದೊಂದು ಅಕ್ಷರ ಕೇಳಬೇಕು. ಇಷ್ಟೆಲ್ಲ ಮಾಡಿದವರ ದನಿಯನ್ನು ಹಿಡಿದಿಡುವ ಯಂತ್ರ ಆ ರಂಗದ ಮುಂದೆ ಇರಲಿಲ್ಲ.

ಮಗ ಮುತ್ತುರಾಜನನ್ನು, ಅಂದರೆ ಮುಂದಿನ ರಾಜಕುಮಾರ್ ಅವರನ್ನು, ಎಳವೆಯಲ್ಲೇ ಅವರು ರಂಗಕ್ಕೆ ಹತ್ತಿಸಿದರು. ತಂದೆ ತೀರಿಕೊಂಡದ್ದು 1951ರಲ್ಲಿ. ಮಗ ಚಿತ್ರದಲ್ಲಿ ‘ಬೇಡರ ಕಣ್ಣಪ್ಪ’ನಾದದ್ದು 1954ರಲ್ಲಿ. ಮುಂದೆ ರಾಜಕುಮಾರ್ ‘ಭೂಕೈಲಾಸ’ದಲ್ಲಿ (1958) ರಾವಣನಾದರು, ‘ಭಕ್ತ ಪ್ರಹ್ಲಾದ’ದಲ್ಲಿ (1983) ಹಿರಣ್ಯಕಶಿಪುವಾದರು. ಎರಡೂ ಅಪ್ಪನ ಪಾತ್ರಗಳೇ. ಆ ನಿಲುವು, ಮಾತಿನ ನಡುವೆ ಉಸಿರು ಹಿಡಿದು ಬಿಡುವ ಆ ಕ್ರಮ ಗುಬ್ಬಿ ಕಂಪನಿಯ ರಂಗದಿಂದ ಬಂದವು ಎಂದೇ ನನ್ನ ನಂಬಿಕೆ. ಪುಟ್ಟಸ್ವಾಮಯ್ಯನವರನ್ನು ನೋಡಬೇಕೆನ್ನುವವರು ಇವತ್ತು ಮಗನ ಆ ಚಿತ್ರಗಳಲ್ಲೇ ಹುಡುಕಬೇಕು.

ನಮ್ಮ ಕೊಳ್ಳೇಗಾಲ ಸೀಮೆ 1956ರವರೆಗೆ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು. ಯಳಂದೂರು ಮಾತ್ರ ಮೈಸೂರಿನದು. ಹಾಗಾಗಿ ನಮ್ಮ ಕಲಾವಿದರ ಕಥೆ ಎರಡು ಆಡಳಿತಗಳ ಕಾಗದಗಳಲ್ಲಿ ಹರಿದು ಹಂಚಿಹೋಗಿದೆ. ನಿಮ್ಮ ಮನೆಯ ಅಟ್ಟದಲ್ಲಿ, ಹಳೆಯ ಟ್ರಂಕಿನಲ್ಲಿ ನಾಟಕದ ಕರಪತ್ರ, ಕಂಪನಿಯ ಫೋಟೋ ಏನಾದರೂ ಇದ್ದರೆ ದಯವಿಟ್ಟು ಎಸೆಯಬೇಡಿ. ಸಂಘಕ್ಕೆ ತಂದು ತೋರಿಸಿ. ನಕಲು ತೆಗೆದುಕೊಂಡು ವಾಪಸು ಕೊಡುತ್ತೇವೆ.