ಮುಖವೇ ಗುರುತಿನ ಚೀಟಿಯಾದವರು

(ಭಾಷಣದ ಪಠ್ಯ)



ಯುದ್ಧ ಮುಗಿದ ಮೇಲೆ ಲೆಕ್ಕ ಬರೆಯುವುದು ಸರ್ಕಾರಗಳ ರೂಢಿ. ಸತ್ತವರೆಷ್ಟು, ಗಾಯಗೊಂಡವರೆಷ್ಟು, ಹಾಕಿದ ಬಾಂಬಿನ ತೂಕವೆಷ್ಟು, ಸುರಿದ ಹಣವೆಷ್ಟು ಎಂಬುದೆಲ್ಲ ಆ ಲೆಕ್ಕದಲ್ಲಿ ಸೇರುತ್ತದೆ. ವಿಯೆಟ್ನಾಂ ಯುದ್ಧದಲ್ಲಿ ಮಡಿದ 58 ಸಾವಿರಕ್ಕೂ ಹೆಚ್ಚು ಅಮೆರಿಕನ್ನರ ಹೆಸರುಗಳನ್ನು ವಾಷಿಂಗ್ಟನ್ನಿನ ಕರಿಕಲ್ಲಿನ ಗೋಡೆಯ ಮೇಲೆ ಒಂದೊಂದಾಗಿ ಕೆತ್ತಿದ್ದಾರೆ. ಆದರೆ ಅಮೆರಿಕದ ಸೈನಿಕರಿಗೆ ಅಲ್ಲಿ ಹುಟ್ಟಿದ ಮಕ್ಕಳ ಪಟ್ಟಿ ಯಾವ ಕಚೇರಿಯಲ್ಲೂ ಇಲ್ಲ. ಆ ಮಕ್ಕಳನ್ನು ಯಾರೂ ಎಣಿಸಲಿಲ್ಲ. ಹತ್ತಾರು ಸಾವಿರ ಎಂದು ಅಂದಾಜು ಮಾಡಬಹುದಷ್ಟೆ. 1970ರಲ್ಲಿ ಈ ಪ್ರಶ್ನೆ ಎದ್ದಾಗ ಅಮೆರಿಕದ ರಕ್ಷಣಾ ಇಲಾಖೆ, ಇಂಥ ಮಕ್ಕಳ ಯೋಗಕ್ಷೇಮ ಸರ್ಕಾರದ ಹೊಣೆಯಲ್ಲ, ಹಿಂದೆಯೂ ಆಗಿರಲಿಲ್ಲ ಎಂದು ಹೇಳಿ ಕೈ ತೊಳೆದುಕೊಂಡಿತು.

ಮುಂದೆ ಈ ಮಕ್ಕಳು ಬೆಳೆದು ತಂದೆಯ ನಾಡಿನ ಬಾಗಿಲು ತಟ್ಟಿದಾಗ ನಡೆದದ್ದು ಒಂದು ವಿಚಿತ್ರ ಕಥೆ. ಅವರ ಬಳಿ ಇದ್ದದ್ದು ಮುಖ. ಸರ್ಕಾರ ಕೇಳಿದ್ದು ಕಾಗದ.

ಹೆಸರಿನಿಂದಲೇ ಆರಂಭಿಸಬಹುದು. ಅಮೆರಿಕನ್ ತಂದೆಗೆ ಏಷ್ಯಾದ ತಾಯಿಯಲ್ಲಿ ಹುಟ್ಟಿದವರಿಗೆ ‘ಅಮೆರೇಷಿಯನ್’ ಎಂಬ ಪದವಿದೆ. ಅದನ್ನು ಬಳಕೆಗೆ ತಂದವರಲ್ಲಿ ನೊಬೆಲ್ ಪ್ರಶಸ್ತಿ ಪಡೆದ ಕಾದಂಬರಿಗಾರ್ತಿ ಪರ್ಲ್ ಬಕ್ ಪ್ರಮುಖರು. ಇಂಥ ಮಕ್ಕಳ ನೆರವಿಗೆ 1964ರಲ್ಲಿ ಸಂಸ್ಥೆಯೊಂದನ್ನೂ ಆಕೆ ಕಟ್ಟಿದರು. ವಿಯೆಟ್ನಾಮಿನ ಬೀದಿಯಲ್ಲಿ ಕೇಳಿಬರುತ್ತಿದ್ದ ಹೆಸರುಗಳು ಬೇರೆ. ‘ಕಾನ್ ಲಾಯ್’ ಎಂದರೆ ಬೆರಕೆ ಮಗು. ‘ಬುಯಿ ದೋಯ್’ ಎಂಬುದು ಇನ್ನೊಂದು. ಬಾಳಿನ ಧೂಳು ಎಂದು ಅದರ ಅರ್ಥ. ನಿಜಕ್ಕೆ ಅದು ದಿಕ್ಕಿಲ್ಲದೆ ಬೀದಿ ಅಲೆಯುವ ಯಾವ ಮಗುವಿಗಾದರೂ ಅನ್ವಯಿಸುವ ಮಾತು. 1989ರಲ್ಲಿ ಲಂಡನ್ನಿನಲ್ಲಿ ರಂಗವೇರಿದ ‘ಮಿಸ್ ಸೈಗಾನ್’ ಎಂಬ ಸಂಗೀತ ನಾಟಕ ಅದನ್ನು ಈ ಮಕ್ಕಳಿಗೇ ಅಂಟಿಸಿ ಲೋಕದ ತುಂಬ ಹಬ್ಬಿಸಿತು.

ಆ ನಾಟಕ ಹಬ್ಬಿಸಿದ ಇನ್ನೊಂದು ಕಲ್ಪನೆಯೂ ಇದೆ. ಈ ಮಕ್ಕಳ ತಾಯಂದಿರೆಲ್ಲ ಸೈಗಾನಿನ ಮದ್ಯದಂಗಡಿಗಳ ಹುಡುಗಿಯರು ಎಂಬುದು ಅದು. ಇದು ಅರ್ಧ ಸತ್ಯವೂ ಅಲ್ಲ. ಅಮೆರಿಕದ ಒಂದೊಂದು ಸೇನಾನೆಲೆಯೂ ಒಂದು ಪಟ್ಟಣದಂತಿತ್ತು. ಬಟ್ಟೆ ಒಗೆಯಲು, ಅಡುಗೆಮನೆಗೆ, ಕಸ ಗುಡಿಸಲು, ಬೆರಳಚ್ಚಿಗೆ ಸ್ಥಳೀಯ ಹೆಂಗಸರೇ ಬೇಕು. ಯುದ್ಧದಿಂದ ಹಳ್ಳಿ ಬಿಟ್ಟು ಬಂದವರಿಗೆ ಅದೇ ಅನ್ನದ ದಾರಿ. ಅಲ್ಲಿ ಬಲಾತ್ಕಾರವೂ ನಡೆಯಿತು, ಹಣದ ವ್ಯವಹಾರವೂ ನಡೆಯಿತು, ಗಂಡ ಹೆಂಡಿರಂತೆ ಸಂಸಾರ ಹೂಡಿದ್ದೂ ಉಂಟು. ಬಾಡಿಗೆ ಮನೆ ಹಿಡಿದು, ಮಗುವಿಗೆ ಹೆಸರಿಟ್ಟು, ಅತ್ತೆ ಮಾವನ ಜತೆ ಫೋಟೊ ತೆಗೆಸಿಕೊಂಡ ಸೈನಿಕರೂ ಇದ್ದರು.

ಆದರೆ ಸೇನೆಯ ವ್ಯವಸ್ಥೆಯೇ ಸಂಸಾರ ನಿಲ್ಲದಂತೆ ಇತ್ತು. ಅಮೆರಿಕದ ಮೊದಲ ಕದನ ಪಡೆ ದಾ ನಾಂಗ್ ಕಡಲತೀರದಲ್ಲಿ ಇಳಿದದ್ದು 1965ರ ಮಾರ್ಚ್ 8ರಂದು. 1969ರ ಹೊತ್ತಿಗೆ ಅಲ್ಲಿದ್ದ ಸೈನಿಕರ ಸಂಖ್ಯೆ 5.4 ಲಕ್ಷ ದಾಟಿತ್ತು. ಇಡೀ ಯುದ್ಧದಲ್ಲಿ 25 ಲಕ್ಷಕ್ಕೂ ಹೆಚ್ಚು ಮಂದಿ ಬಂದು ಹೋದರು. ಬಂದು ಹೋದರು ಎಂಬ ಮಾತೇ ಇಲ್ಲಿ ಮುಖ್ಯ. ಒಬ್ಬ ಸೈನಿಕನ ಸರದಿ ಸಾಮಾನ್ಯವಾಗಿ 12 ತಿಂಗಳು. ದಿನ ತುಂಬಿದ ಕೂಡಲೇ ವಿಮಾನ. ಇತ್ತ ಮಗು ಹೊಟ್ಟೆಯಲ್ಲಿ ಒಂಬತ್ತು ತಿಂಗಳು ಇರಬೇಕು. ಈ ಎರಡು ಲೆಕ್ಕ ತಾಳೆಯಾಗುವುದು ಅಪರೂಪ. ಮದುವೆಯಾಗಲು ಮೇಲಧಿಕಾರಿಯ ಅನುಮತಿ ಬೇಕು, ಅದಕ್ಕೆ ಕಾಗದಪತ್ರಗಳ ಕಂತೆ ಬೇಕು. ಅಷ್ಟರಲ್ಲಿ ಸರದಿ ಮುಗಿದಿರುತ್ತಿತ್ತು. ಎಷ್ಟೋ ಮಂದಿಗೆ ತಮಗೆ ಮಗುವಾದ ಸುದ್ದಿಯೇ ತಲುಪಲಿಲ್ಲ. ತಲುಪಿದರೂ ಕಿವುಡಾದವರು ಕಡಿಮೆಯೇನಿಲ್ಲ.

ಅಮೆರಿಕನ್ನರೊಬ್ಬರೇ ಅಲ್ಲ ಎಂಬುದನ್ನೂ ಹೇಳಬೇಕು. ಅವರ ಜತೆ ನಿಂತು ಕಾದಾಡಲು ದಕ್ಷಿಣ ಕೊರಿಯಾ ಮೂರು ಲಕ್ಷಕ್ಕೂ ಹೆಚ್ಚು ಸೈನಿಕರನ್ನು ಸರದಿಯ ಮೇಲೆ ಕಳಿಸಿತ್ತು. ಅವರು ಬಿಟ್ಟುಹೋದ ಮಕ್ಕಳಿಗೆ ‘ಲಾಯ್ ದಾಯ್ ಹಾನ್’ ಎಂದು ಹೆಸರು. ಅವರ ಕಥೆ ಇನ್ನೂ ಮಬ್ಬಿನಲ್ಲಿದೆ.

ಅಮೆರಿಕಕ್ಕಿಂತ ಮೊದಲು ಆ ನಾಡನ್ನು ಆಳಿದ್ದ ಫ್ರೆಂಚರು ಏನು ಮಾಡಿದ್ದರು ಎಂದು ನೋಡುವುದು ಉಪಯುಕ್ತ. ಫ್ರೆಂಚ್ ತಂದೆಯ ಮಗು ಎಂದು ಕಂಡುಬಂದರೆ, ತಂದೆ ಯಾರೆಂದು ಗೊತ್ತಿರದಿದ್ದರೂ ಪೌರತ್ವ ಕೊಡಬಹುದು ಎಂದು 1928ರಲ್ಲೇ ಅವರು ಆಜ್ಞೆ ಹೊರಡಿಸಿದ್ದರು. 1954ರಲ್ಲಿ ಸೋತು ಹೊರಟಾಗ ಇಂಥ ಸಾವಿರಾರು ಮಕ್ಕಳನ್ನು ಫ್ರಾನ್ಸಿಗೆ ಸಾಗಿಸಿದರು. ಇದನ್ನು ಬರೀ ಔದಾರ್ಯ ಎನ್ನಲಾಗದು. ತಾಯಿಯಿಂದ ಮಗುವನ್ನು ಕಿತ್ತು ಅನಾಥಾಲಯಕ್ಕೆ ಸೇರಿಸಿದ ಪ್ರಕರಣಗಳು ಬೇಕಾದಷ್ಟಿವೆ. ‘ನಮ್ಮ ರಕ್ತ’ ಅನ್ಯರ ಪಾಲಾಗಬಾರದೆಂಬ ಜನಾಂಗೀಯ ಹಮ್ಮು ಅದರ ಹಿಂದಿತ್ತು. ಆದರೂ ಫ್ರಾನ್ಸ್ ಹೊಣೆಯನ್ನು ಒಪ್ಪಿಕೊಂಡಿತ್ತು. ಅಮೆರಿಕ ಒಪ್ಪಿಕೊಳ್ಳಲಿಲ್ಲ.

1973ರ ಮಾರ್ಚಿಗೆ ಅಮೆರಿಕದ ಪಡೆಗಳು ತೆರಳಿದವು. 1975ರ ಏಪ್ರಿಲ್ 30ರಂದು ಸೈಗಾನ್ ಉತ್ತರದವರ ವಶವಾಯಿತು. ಅದಕ್ಕೆ ಮುಂಚಿನ ವಾರಗಳಲ್ಲಿ ಅನಾಥಾಲಯಗಳ ಎರಡು-ಮೂರು ಸಾವಿರ ಮಕ್ಕಳನ್ನು ವಿಮಾನದಲ್ಲಿ ಅಮೆರಿಕ ಮತ್ತಿತರ ದೇಶಗಳಿಗೆ ಸಾಗಿಸಲಾಯಿತು. ಸೈನಿಕರ ಮಕ್ಕಳೂ ಕೆಲವರು ಅದರಲ್ಲಿದ್ದರು. ಮೊದಲ ದೊಡ್ಡ ವಿಮಾನ ಏಪ್ರಿಲ್ 4ರಂದು ಬಿದ್ದು ನೂರಕ್ಕೂ ಹೆಚ್ಚು ಜನ ಸತ್ತರು.

ಉಳಿದ ತಾಯಂದಿರ ಮನೆಗಳಲ್ಲಿ ಆ ದಿನಗಳಲ್ಲಿ ನಡೆದದ್ದು ಬೇರೆ. ವೈರಿ ದೇಶದವನ ಜತೆ ಬಾಳಿದವಳೆಂದು ಹೊಸ ಸರ್ಕಾರ ಶಿಕ್ಷಿಸೀತು ಎಂಬ ಭಯ ಎಲ್ಲೆಡೆ ಹಬ್ಬಿತ್ತು. ಕಾಗದ, ಫೋಟೊ, ವಿಳಾಸ ಬರೆದ ಚೀಟಿ, ಮಗುವಿನ ಜನನ ಪತ್ರ - ಎಲ್ಲವನ್ನೂ ಒಲೆಗೆ ಹಾಕಿದರು. ತಂದೆಯ ಗುರುತನ್ನು ಸುಟ್ಟದ್ದು ಮಗುವನ್ನು ಉಳಿಸಿಕೊಳ್ಳಲಿಕ್ಕೆ. ಆದರೆ ಮುಖವನ್ನು ಎಲ್ಲಿ ಬಚ್ಚಿಡುವುದು? ಕೆಂಚು ಕೂದಲಿಗೆ ಕಪ್ಪು ಬಳಿದರು, ತಲೆ ಬೋಳಿಸಿದರು, ಹಳ್ಳಿಯ ಅಜ್ಜಿಯ ಬಳಿ ಬಿಟ್ಟರು. ಕರಿಯ ಸೈನಿಕರ ಮಕ್ಕಳಿಗೆ ಗುಂಗುರು ಕೂದಲು, ಕಪ್ಪು ಬಣ್ಣ. ಅವರ ಪಾಡು ಎಲ್ಲರಿಗಿಂತ ಕಷ್ಟ. ಅನೇಕ ಕುಟುಂಬಗಳನ್ನು ‘ಹೊಸ ಆರ್ಥಿಕ ವಲಯ’ಗಳೆಂಬ ಕಾಡುಮೇಡುಗಳಿಗೆ ಕಳಿಸಲಾಯಿತು. ಶಾಲೆಗೆ ಹೋದವರು ಸಹಪಾಠಿಗಳ ಗೇಲಿ ತಾಳದೆ ಬಿಟ್ಟರು. ಬೆಳೆದು ನಿಂತಾಗ ಎಷ್ಟೋ ಮಂದಿಗೆ ಓದು ಬರಹ ಬರುತ್ತಿರಲಿಲ್ಲ.

ಇಷ್ಟಾದ ಮೇಲೆ 1982ರಲ್ಲಿ ಅಮೆರಿಕದ ಕಾಂಗ್ರೆಸ್ ಒಂದು ಕಾನೂನು ಮಾಡಿತು. ಕೊರಿಯಾ, ವಿಯೆಟ್ನಾಂ, ಲಾವೋಸ್, ಕಂಬೋಡಿಯ, ಥಾಯ್ಲೆಂಡ್‌ಗಳಲ್ಲಿ 1950ರ ನಂತರ ಅಮೆರಿಕನ್ ತಂದೆಗೆ ಹುಟ್ಟಿದವರು ಬರಬಹುದು ಎಂದಿತು. ಭಾರೀ ಸೇನಾನೆಲೆಗಳಿದ್ದ ಫಿಲಿಪೀನ್ಸ್ ಮತ್ತು ಜಪಾನ್ ಪಟ್ಟಿಯಲ್ಲಿ ಇರಲಿಲ್ಲ. ಷರತ್ತುಗಳು ಏನೆಂದರೆ, ತಂದೆ ಅಮೆರಿಕದವನೆಂಬುದಕ್ಕೆ ಆಧಾರ ಬೇಕು; ಅಲ್ಲಿ ಹೊಣೆ ಹೊರುವವರು ಬೇಕು; ತಾಯಿ ಮಗುವಿನ ಮೇಲಿನ ಹಕ್ಕನ್ನು ಶಾಶ್ವತವಾಗಿ ಬಿಟ್ಟುಕೊಟ್ಟೆನೆಂದು ಬರೆದುಕೊಡಬೇಕು. ತಾಯಿ ಜತೆಗೆ ಬರುವಂತಿಲ್ಲ. ಸುಟ್ಟ ಕಾಗದವನ್ನು ಕೇಳುವ ಕಾನೂನು ಇದು. ಸಾಲದ್ದಕ್ಕೆ ಎರಡು ದೇಶಗಳ ನಡುವೆ ರಾಯಭಾರ ಸಂಬಂಧವೇ ಇರಲಿಲ್ಲ. ವಿಯೆಟ್ನಾಮಿನ ಮಕ್ಕಳಿಗೆ ಅದರಿಂದ ಆದ ಪ್ರಯೋಜನ ಅತ್ಯಲ್ಪ. ಹೊರಬರಲು ಇದ್ದ ಇನ್ನೊಂದು ದಾರಿ 1979ರಲ್ಲಿ ವಿಶ್ವಸಂಸ್ಥೆಯ ನಿರಾಶ್ರಿತರ ಸಂಸ್ಥೆಯ ಮೂಲಕ ಆರಂಭವಾಗಿದ್ದ ಕ್ರಮಬದ್ಧ ನಿರ್ಗಮನ ಯೋಜನೆ. ಅಲ್ಲೂ ಪದಗಳ ಜಗಳ. ಇವರನ್ನು ‘ನಿರಾಶ್ರಿತರು’ ಎಂದರೆ ತಾನು ಹಿಂಸಿಸಿದಂತಾಗುತ್ತದೆ ಎಂದು ಹನೋಯ್ ಸರ್ಕಾರ ಆಕ್ಷೇಪಿಸಿತು. ಇವರು ನಿಮ್ಮವರೇ, ಕರೆದೊಯ್ಯಿರಿ ಎಂದಿತು. ನಮ್ಮ ಪ್ರಜೆಗಳು ಎಂದು ಹೇಳಲು ವಾಷಿಂಗ್ಟನ್ ಬಾಯಿ ಬಿಡಲಿಲ್ಲ.

ತಿರುವು ಬಂದದ್ದು ಒಂದು ಛಾಯಾಚಿತ್ರದಿಂದ. 1985ರಲ್ಲಿ ‘ನ್ಯೂಸ್‌ಡೇ’ ಪತ್ರಿಕೆಯ ಆಡ್ರೆ ಟಿಯರ್ನನ್ ಎಂಬ ಛಾಯಾಗ್ರಾಹಕಿ ಹೋ ಚಿ ಮಿನ್ ನಗರದ ಬೀದಿಯಲ್ಲಿ ಒಬ್ಬ ಹುಡುಗನನ್ನು ಕಂಡರು. ಪೋಲಿಯೊದಿಂದ ಬೆನ್ನು ಬಾಗಿ ಕೈಕಾಲೂರಿ ನಡೆಯುವವನು; ಸಿಗರೇಟ್ ಪೊಟ್ಟಣದ ಬೇಗಡೆ ಕಾಗದದಿಂದ ಮಾಡಿದ ಹೂವನ್ನು ಹಿಡಿದಿದ್ದ. ಮುಖ ಮಾತ್ರ ಅಮೆರಿಕದ್ದು. ಚಿತ್ರ ಅಚ್ಚಾದ ಮೇಲೆ ನ್ಯೂಯಾರ್ಕ್ ಬಳಿಯ ಹಂಟಿಂಗ್ಟನ್ ಪ್ರೌಢಶಾಲೆಯ ವಿದ್ಯಾರ್ಥಿಗಳು 27 ಸಾವಿರ ಸಹಿ ಸಂಗ್ರಹಿಸಿ, ಆ ಹುಡುಗನನ್ನು ಚಿಕಿತ್ಸೆಗೆ ಕರೆತರಬೇಕೆಂದು ತಮ್ಮ ಕಾಂಗ್ರೆಸ್ ಸದಸ್ಯ ರಾಬರ್ಟ್ ಮ್ರಾಜೆಕ್ ಅವರ ಬೆನ್ನು ಹತ್ತಿದರು. 1987ರಲ್ಲಿ ಹುಡುಗ ಬಂದ. ಅವನನ್ನು ತರಲು ಹೋದ ಮ್ರಾಜೆಕ್‌ಗೆ ಅಂಥದೇ ಮುಖಗಳು ಅಲ್ಲಿ ಬೇಕಾದಷ್ಟು ಕಂಡವು. ಅದೇ ವರ್ಷದ ಡಿಸೆಂಬರಿನಲ್ಲಿ ಅವರ ಮಸೂದೆ ಅಂಗೀಕಾರವಾಯಿತು. 1962ರಿಂದ 1975ರ ಕೊನೆಯವರೆಗೆ ಹುಟ್ಟಿದವರು ತಾಯಿ, ಒಡಹುಟ್ಟಿದವರೊಂದಿಗೆ ಬರಬಹುದು ಎಂಬ ಈ ಕಾಯ್ದೆಗೆ ಇಟ್ಟ ಹೆಸರು ‘ಅಮೆರೇಷಿಯನ್ನರು ಮನೆಗೆ ಮರಳುವ ಕಾಯ್ದೆ’. ಎಂದೂ ನೋಡದ ಮನೆಗೆ ಮರಳುವುದು!

ಈ ಕಾಯ್ದೆಯ ಜಾರಿಯಲ್ಲಿ ಮುಖವೇ ಕಾಗದದ ಜಾಗಕ್ಕೆ ಬಂತು. ದಾಖಲೆ ಇಲ್ಲದಿದ್ದರೂ ಸಂದರ್ಶನದಲ್ಲಿ ಅಧಿಕಾರಿ ಎದುರಿಗಿದ್ದವರ ಕಣ್ಣು, ಮೂಗು, ಕೂದಲು ನೋಡಿ ಹೌದು ಅಥವಾ ಅಲ್ಲ ಎಂದು ನಿರ್ಧರಿಸುತ್ತಿದ್ದ. ಹದಿಮೂರು ವರ್ಷ ಬಚ್ಚಿಟ್ಟ ಮುಖವನ್ನು ಈಗ ತೋರಿಸಬೇಕಾಯಿತು. ತಂದೆ ಜಪಾನೀ ಮೂಲದ ಅಥವಾ ಮೆಕ್ಸಿಕನ್ ಮೂಲದ ಅಮೆರಿಕನ್ ಆಗಿದ್ದರೆ? ಅಂಥವನ ಮಗುವಿನ ಮುಖ ಏನನ್ನೂ ಹೇಳುತ್ತಿರಲಿಲ್ಲ.

ಬೆಲೆ ಇರುವ ವಸ್ತುವಿಗೆ ಮಾರುಕಟ್ಟೆ ಹುಟ್ಟಲು ಎಷ್ಟು ಹೊತ್ತು? ನಿನ್ನೆಯವರೆಗೆ ಧೂಳು ಎನಿಸಿಕೊಂಡವರು ಒಮ್ಮೆಲೇ ‘ಚಿನ್ನದ ಮಕ್ಕಳು’ ಆದರು. ದೇಶ ಬಿಡಲು ಕಾದಿದ್ದ ಉಳ್ಳವರು ದಲ್ಲಾಳಿಗಳ ಮೂಲಕ ಇವರನ್ನು ಹುಡುಕಿ, ಬಡ ತಾಯಿಗೆ ಹಣವೋ ಚಿನ್ನವೋ ಕೊಟ್ಟು, ‘ಇವನು ನಮ್ಮ ಮಗ’ ಎಂದು ಅರ್ಜಿ ಹಾಕಿದರು. ಕರ್ಣನ ಮೈಗಂಟಿದ ಕವಚಕುಂಡಲಗಳು ಅವನ ಹುಟ್ಟಿನ ಗುರುತು. ವೇಷ ಮರೆಸಿ ಬಂದವನು ಅದನ್ನೇ ಕೇಳಿ ಪಡೆದ. ಇಲ್ಲೂ ಹಾಗೆಯೇ. ವಿಮಾನ ಇಳಿದು ಕೆಲವೇ ವಾರಗಳಲ್ಲಿ ಈ ಬಾಡಿಗೆ ಕುಟುಂಬಗಳು ಹುಡುಗನನ್ನು ನಡುದಾರಿಯಲ್ಲಿ ಬಿಟ್ಟವು. ಮೋಸ ಬಯಲಾದಂತೆ ಅಧಿಕಾರಿಗಳು ಬಿಗಿಯಾದರು. 1990ರ ದಶಕದ ಆರಂಭದಲ್ಲಿ ತಿರಸ್ಕಾರಗಳು ಏರಿದವು. ಅದರ ಪೆಟ್ಟು ತಿಂದವರಲ್ಲಿ ನಿಜವಾದ ಮಕ್ಕಳೂ ಇದ್ದರು. ಒಮ್ಮೆ ಸುಳ್ಳು ಕುಟುಂಬದ ಜತೆ ಅರ್ಜಿ ಹಾಕಿ ಸಿಕ್ಕಿಬಿದ್ದವನಿಗೆ ಮತ್ತೆ ಬಾಗಿಲು ತೆರೆಯುವುದು ಕಷ್ಟವಾಯಿತು. ಸುಳ್ಳು ಹೇಳಿದವರು ಎಂದು ಅವರನ್ನು ದೂರುವುದು ಸುಲಭ. ಅಕ್ಷರ ಬಾರದ ಬೀದಿ ಹುಡುಗನಿಗೆ ಅರ್ಜಿ ತುಂಬಿಸಿ, ರಹದಾರಿ ಕೊಡಿಸಿ, ಅಧಿಕಾರಿಗಳ ಕೈ ಬೆಚ್ಚಗೆ ಮಾಡಬಲ್ಲವರು ಆ ದಲ್ಲಾಳಿಗಳಲ್ಲದೆ ಬೇರೆ ಯಾರಿದ್ದರು?

ಒಟ್ಟಾರೆ ಸುಮಾರು 25 ಸಾವಿರ ಮಂದಿ, ಅವರೊಂದಿಗೆ 60-70 ಸಾವಿರ ಬಂಧುಗಳು ಅಮೆರಿಕ ಸೇರಿದರು. ಬಹುತೇಕರು ಮೊದಲು ಫಿಲಿಪೀನ್ಸಿನ ಬಟಾನ್ ಶಿಬಿರದಲ್ಲಿ ತಿಂಗಳುಗಟ್ಟಲೆ ಇಂಗ್ಲಿಷ್ ಕಲಿತು ಬಂದವರು. ತಂದೆ ಸಿಕ್ಕಿದ್ದು ನೂರಕ್ಕೆ ಮೂವರಿಗೋ ಇನ್ನೂ ಕಡಿಮೆಗೋ ಎಂಬ ಅಂದಾಜಿದೆ. ಸಿಕ್ಕವರಲ್ಲಿ ಎಲ್ಲ ತಂದೆಯರೂ ಬಾಗಿಲು ತೆರೆಯಲಿಲ್ಲ.

ಈ ಕಾಯ್ದೆಯ ಬಗ್ಗೆ ಹೊರಗಿನವರು ಅಷ್ಟಾಗಿ ಗಮನಿಸದ ಒಂದು ಅಂಶವಿದೆ. ಬಂದವರನ್ನು ಅದು ವಲಸಿಗರೆಂದು ಸೇರಿಸಿಕೊಂಡಿತೇ ಹೊರತು ಪ್ರಜೆಗಳೆಂದಲ್ಲ. ಪೌರತ್ವ ಬೇಕಾದರೆ ಎಲ್ಲ ವಲಸಿಗರಂತೆ ಇಂಗ್ಲಿಷಿನಲ್ಲಿ ಪರೀಕ್ಷೆ ಬರೆದು, ಸಂವಿಧಾನದ ಬಗ್ಗೆ, ಅಧ್ಯಕ್ಷರ ಬಗ್ಗೆ ಕೇಳುವ ಪ್ರಶ್ನೆಗಳಿಗೆ ಉತ್ತರಿಸಬೇಕು. ಶಾಲೆಯ ಮುಖ ನೋಡದವರು ಅದರಲ್ಲಿ ನಪಾಸಾಗಿ ದಶಕಗಳ ಕಾಲ ಪರದೇಶಿಗಳಾಗಿಯೇ ಉಳಿದರು. ವಿದೇಶದಲ್ಲಿ ಮದುವೆಯಾಚೆ ಹುಟ್ಟಿದ ಮಗುವಿನ ತಾಯಿ ಅಮೆರಿಕದವಳಾದರೆ ಪೌರತ್ವ ಸುಲಭ. ತಂದೆ ಅಮೆರಿಕದವನಾದರೆ, ಮಗುವಿಗೆ 18 ತುಂಬುವುದರೊಳಗೆ ಅವನು ಪ್ರಮಾಣಪೂರ್ವಕ ಬರೆದುಕೊಟ್ಟಿರಬೇಕು, ಇಲ್ಲವೇ ಕಾನೂನಿನ ಪ್ರಕಾರ ಪಿತೃತ್ವ ಸ್ಥಾಪನೆಯಾಗಿರಬೇಕು.

ಇದು ಎಷ್ಟು ಕಠಿಣ ಎಂಬುದು 2001ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟಿನ ಮುಂದೆ ಬಂದ ನ್ಗುಯೆನ್ ಪ್ರಕರಣದಲ್ಲಿ ಕಂಡಿತು. 1969ರಲ್ಲಿ ಸೈಗಾನಿನಲ್ಲಿ ಹುಟ್ಟಿದವನು ಆತ. ತಂದೆ ಆಗ ಸೈನಿಕನಲ್ಲ, ಅಲ್ಲಿ ಕಂಪನಿಯೊಂದರ ನೌಕರ. ಈ ತಂದೆ ಓಡಿಹೋದವನೂ ಅಲ್ಲ. ಮಗನನ್ನು ಟೆಕ್ಸಸ್‌ಗೆ ಕರೆತಂದು, ಆರು ವರ್ಷದಿಂದ ಸಾಕಿ ಬೆಳೆಸಿದ. ಒಂದು ಕಾಗದಕ್ಕೆ ಸಕಾಲದಲ್ಲಿ ಸಹಿ ಹಾಕಿರಲಿಲ್ಲ, ಅಷ್ಟೆ. ಮಗ ಅಪರಾಧವೊಂದರಲ್ಲಿ ಶಿಕ್ಷೆಗೊಳಗಾದಾಗ ಸರ್ಕಾರ ಗಡೀಪಾರಿಗೆ ಹೊರಟಿತು. ಡಿಎನ್ಎ ಪರೀಕ್ಷೆ ಮಾಡಿಸಿದರು. ತಂದೆ ಮಗ ಎಂಬುದರಲ್ಲಿ ಸಂಶಯವೇ ಉಳಿಯಲಿಲ್ಲ. ಆದರೂ ನ್ಯಾಯಾಲಯ ಐವರು ಒಂದೆಡೆ, ನಾಲ್ವರು ಇನ್ನೊಂದೆಡೆಯಾಗಿ ಮಗನ ವಿರುದ್ಧ ತೀರ್ಪಿತ್ತಿತು. ಹೆರುವ ತಾಯಿ ಹೆರಿಗೆಯಲ್ಲಿ ಇದ್ದೇ ಇರುತ್ತಾಳೆ, ತಂದೆಗೆ ಮಗುವಾದದ್ದೇ ತಿಳಿಯದಿರಬಹುದು ಎಂಬುದು ಬಹುಮತದ ವಾದ. ಅದಕ್ಕೆ ನ್ಯಾಯಮೂರ್ತಿ ಕೆನಡಿ ಕೊಟ್ಟ ನಿದರ್ಶನ, ಅದೇ 1969ರಲ್ಲಿ ಸೇನೆಯಲ್ಲಿದ್ದ 34 ಲಕ್ಷಕ್ಕೂ ಹೆಚ್ಚು ಸಿಬ್ಬಂದಿಯಲ್ಲಿ ಹೆಂಗಸರು 40 ಸಾವಿರವೂ ಇರಲಿಲ್ಲ ಎಂಬ ಅಂಕಿಯನ್ನು! ಸೈನಿಕರು ಮಕ್ಕಳನ್ನು ಬಿಟ್ಟುಬರುವುದು ಸಹಜ ಎಂಬುದೇ ಮಗುವಿನ ಹಕ್ಕನ್ನು ಬಿಗಿಗೊಳಿಸಲು ಕಾರಣವಾಯಿತು. ಭಿನ್ನಮತದ ತೀರ್ಪನ್ನು ನ್ಯಾಯಮೂರ್ತಿ ಸಾಂಡ್ರಾ ಡೇ ಒಕಾನರ್ ಬರೆದರು. ತಂದೆಯ ಹೊಣೆ ತಾಯಿಯದಕ್ಕಿಂತ ಹಗುರ ಎಂಬ ಹಳೆಯ ನಂಬಿಕೆಗೆ ಕಾನೂನು ಮುದ್ರೆ ಒತ್ತುತ್ತಿದೆ ಎಂಬುದು ಅವರ ಆಕ್ಷೇಪದ ತಿರುಳು. ಭಿನ್ನಮತವೇ ಹೆಚ್ಚು ಒಪ್ಪುವಂತಿದೆ.

ಈ ಮಕ್ಕಳಲ್ಲಿ ಕಿರಿಯರಿಗೂ ಈಗ ಐವತ್ತರ ಆಚೆಯ ವಯಸ್ಸು. ವಿಯೆಟ್ನಾಮಿನಲ್ಲೇ ಉಳಿದವರು ಕೆಲವು ನೂರು ಮಂದಿ ಇದ್ದಾರೆಂದು ಹೇಳಲಾಗುತ್ತದೆ. ಅಮೆರಿಕ ಸೇರಿದವರಲ್ಲೇ ಕೆಲವರು ಸಂಘ ಕಟ್ಟಿ, ಡಿಎನ್ಎ ಪರೀಕ್ಷೆಯ ಕಿಟ್‌ಗಳನ್ನು ಹೊತ್ತು ಹಳ್ಳಿಹಳ್ಳಿಗೆ ಹೋಗಿ ಎಂಜಲಿನ ಮಾದರಿ ತರುತ್ತಿದ್ದಾರೆ. ತಂದೆಯೇ ಪರೀಕ್ಷೆ ಮಾಡಿಸಿಕೊಂಡಿರಬೇಕೆಂದೇನಿಲ್ಲ. ಅಮೆರಿಕದಲ್ಲಿ ಯಾರೋ ವಂಶವೃಕ್ಷದ ಕುತೂಹಲಕ್ಕೆಂದು ಮಾದರಿ ಕೊಟ್ಟ ದೂರದ ದಾಯಾದಿಯೊಬ್ಬರು ಹೊಂದಿಕೆಯಾದರೂ ಸಾಕು, ಅಲ್ಲಿಂದ ಹಿಂದಕ್ಕೆ ಹುಡುಕುತ್ತ ಹೋಗಬಹುದು. ಹಾಗೆ ಸಿಕ್ಕ ತಂದೆಯರು ಎಪ್ಪತ್ತೈದು, ಎಂಬತ್ತರ ಮುದುಕರು. ಹಲವರು ಆಗಲೇ ತೀರಿಕೊಂಡಿರುತ್ತಾರೆ. ಆಗ ಪತ್ರ ಹೋಗುವುದು ಮಲ ಅಣ್ಣನಿಗೆ, ಮಲ ತಂಗಿಗೆ. ಅಪ್ಪ ಒಮ್ಮೆಯೂ ಬಾಯಿಬಿಡದ ಸಂಗತಿಯನ್ನು ಅವರು ನಂಬಬೇಕು, ಅಪ್ಪನ ಸೇನಾ ದಾಖಲೆಗಳನ್ನು ಹುಡುಕಿಕೊಡಬೇಕು. ಕೆಲವರು ಫೋಟೊ ಕಳಿಸಿ, ವಿಮಾನ ಹತ್ತಿ ಬಂದು ತಬ್ಬಿಕೊಂಡಿದ್ದಾರೆ. ಇನ್ನು ಕೆಲವರಿಂದ ಉತ್ತರ ಬಂದಿಲ್ಲ.