ಮಿಂಚುಹುಳುವಿಗೆ ಬೇಕಾದ ಕತ್ತಲು

(ಕೊಡ್ಲಿಪೇಟೆಯಲ್ಲಿ ಕೃಷಿಕರಿಗೆ ನೀಡಿದ ಉಪನ್ಯಾಸದ ಬರಹರೂಪ)



ಕೃತ್ತಿಕೆಯ ಮಳೆ ಒಂದೆರಡು ಬಾರಿ ಹದವಾಗಿ ಸುರಿದು ರೋಹಿಣಿ ಕಾಲಿಡುವ ಹೊತ್ತಿಗೆ ಕೊಡ್ಲಿಪೇಟೆಯ ಆಸುಪಾಸಿನ ಕಾಫಿ ತೋಟಗಳಲ್ಲಿ, ಗದ್ದೆಯಂಚಿನ ಮರಗಳಲ್ಲಿ, ಹೇಮಾವತಿಯ ಕಡೆಗೆ ಇಳಿಯುವ ತೋಡುಗಳ ಇಕ್ಕೆಲಗಳಲ್ಲಿ ಮಿಂಚುಹುಳುಗಳು ಕಾಣಿಸಿಕೊಳ್ಳುತ್ತವೆ. ಮುಂಗಾರು ಬಿರುಸಾಗಿ ಹಿಡಿದೊಡನೆ ಈ ಬೆಳಕಿನ ಸಂಭ್ರಮ ಇಳಿಮುಖವಾಗುತ್ತದೆ. ಇಷ್ಟು ಹುಳುಗಳು ಎಲ್ಲಿಂದ ಬಂದವು, ಎಲ್ಲಿಗೆ ಹೋದವು ಎಂಬ ಪ್ರಶ್ನೆ ಸಹಜ. ಅವು ದೂರದಿಂದ ಬಂದವಲ್ಲ. ವರ್ಷದ ಉಳಿದ ದಿನಗಳಲ್ಲಿ ಅವು ಕೃಷಿಕನ ಕಾಲಡಿಯ ಮಣ್ಣಿನಲ್ಲಿಯೇ ಇರುತ್ತವೆ. ಈ ಮಾತಿನ ಅರ್ಥವೇ ಇಂದಿನ ಉಪನ್ಯಾಸದ ವಿಷಯ.

ಹೆಸರಿನಲ್ಲಿ ಹುಳುವಾದರೂ ಇದು ದುಂಬಿಗಳ ಗುಂಪಿಗೆ ಸೇರಿದ ಕೀಟ. ಇದರ ಹೊಟ್ಟೆಯ ತುದಿಯಲ್ಲಿರುವ ಲೂಸಿಫೆರಿನ್ ಎಂಬ ವಸ್ತು, ಲೂಸಿಫೆರೇಸ್ ಎಂಬ ಕಿಣ್ವದ ನೆರವಿನಿಂದ ಆಮ್ಲಜನಕದೊಡನೆ ವರ್ತಿಸಿ ಬೆಳಕನ್ನು ಹೊಮ್ಮಿಸುತ್ತದೆ. ಈ ಕ್ರಿಯೆಯಲ್ಲಿ ಶಾಖವಾಗಿ ಪೋಲಾಗುವ ಶಕ್ತಿ ಅತ್ಯಲ್ಪ. ಆದುದರಿಂದಲೇ ಇದನ್ನು ತಣ್ಣನೆಯ ಬೆಳಕು ಎನ್ನುತ್ತಾರೆ. ಗಂಡು ಹಾರುತ್ತ ಮಿನುಗುತ್ತದೆ. ಹುಲ್ಲಿನ ಮೇಲೋ ಪೊದೆಯಲ್ಲೋ ಕುಳಿತ ಹೆಣ್ಣು ಮಿನುಗಿ ಉತ್ತರಿಸುತ್ತದೆ. ಒಂದೊಂದು ಪ್ರಭೇದಕ್ಕೂ ಒಂದೊಂದು ಲಯ. ಸಂತಾನ ಮುಂದುವರಿಯುವುದು ಈ ಸಂಕೇತ ಪರಸ್ಪರ ಕಂಡರೆ ಮಾತ್ರ.

ಕೆಲವು ಪ್ರಭೇದಗಳಲ್ಲಿ ಸಾವಿರಾರು ಹುಳುಗಳು ಒಟ್ಟಾಗಿ ಹೊತ್ತಿ ಒಟ್ಟಾಗಿ ಆರುತ್ತವೆ. ಎಂಗೆಲ್ಬರ್ಟ್ ಕೆಂಪ್‌ಫರ್ ಎಂಬ ಜರ್ಮನ್ ವೈದ್ಯ 1690ರಲ್ಲಿಯೇ ಸಯಾಮಿನ ನದೀತೀರದಲ್ಲಿ ಇದನ್ನು ಕಂಡಿದ್ದ. ಆದರೂ 1917ರಲ್ಲಿ ಒಬ್ಬ ಲೇಖಕರು, ಇದು ನೋಡುವವರ ಕಣ್ಣೆವೆ ಬಡಿಯುವುದರಿಂದ ಉಂಟಾಗುವ ಭ್ರಮೆಯೆಂದು ‘ಸೈನ್ಸ್’ ಪತ್ರಿಕೆಯಲ್ಲಿ ವಾದಿಸಿದರು! ಇವುಗಳಿಗೆ ನಾಯಕನಿಲ್ಲ, ಪ್ರತಿಯೊಂದು ಹುಳುವೂ ಪಕ್ಕದ ಹುಳುವಿನ ಮಿನುಗನ್ನು ಕಂಡು ತನ್ನ ಲಯವನ್ನು ಸರಿಪಡಿಸಿಕೊಳ್ಳುತ್ತದೆ ಎಂಬುದು ಈಗ ತಿಳಿದ ಸಂಗತಿ. ಪಶ್ಚಿಮಘಟ್ಟದ ಆನೈಮಲೈ ಕಾಡುಗಳಲ್ಲಿ 2022ರ ಬೇಸಗೆಯ ಕೊನೆಯಲ್ಲಿ ಇಂತಹ ಬೃಹತ್ ಕೂಟಗಳು ದಾಖಲಾದವು.

ಹಾರುವ ಮಿಂಚುಹುಳುವಿನ ಆಯುಷ್ಯ ಕೆಲವೇ ವಾರಗಳು. ಹಲವು ಪ್ರಭೇದಗಳು ಆಗ ಆಹಾರವನ್ನೂ ಸೇವಿಸುವುದಿಲ್ಲವೆನ್ನಬಹುದು. ಅದರ ನಿಜವಾದ ಬದುಕು ಮರಿಹುಳುವಿನದು. ತೇವದ ಮಣ್ಣಿನಲ್ಲಿಟ್ಟ ಮೊಟ್ಟೆಯಿಂದ ಹೊರಬಂದ ಮರಿ ತರಗೆಲೆಗಳ ಅಡಿಯಲ್ಲಿ ತಿಂಗಳುಗಟ್ಟಲೆ, ಕೆಲವೊಮ್ಮೆ ವರ್ಷಕ್ಕೂ ಮಿಕ್ಕಿ ಬೇಟೆಯಾಡುತ್ತ ಬೆಳೆಯುತ್ತದೆ. ಬಸವನಹುಳು, ಗೊಂಡೆಹುಳು, ಎರೆಹುಳುಗಳೇ ಅದರ ಆಹಾರ. ಬೇಟೆಯ ಮೈಗೆ ದ್ರವವೊಂದನ್ನು ಚುಚ್ಚಿ, ನಿಶ್ಚೇಷ್ಟಿತಗೊಳಿಸಿ, ಕರಗಿಸಿ ಹೀರುತ್ತದೆ. ಮೇ ತಿಂಗಳಲ್ಲಿ ಕಾಣುವ ಬೆಳಕು ಹಿಂದಿನ ಮಳೆಗಾಲದ ಮಣ್ಣಿನ ಫಲ.

ಉತ್ತರ ಕೊಡಗಿನ ಕೃಷಿಕರಿಗೆ ಈ ವಿಚಾರ ಇನ್ನೂ ಒಂದು ಕಾರಣಕ್ಕೆ ಮುಖ್ಯ. ಶನಿವಾರಸಂತೆಯ ಕಡೆಯ ತೋಟಗಳನ್ನು ಕಾಡುತ್ತಿರುವ ಆಫ್ರಿಕಾದ ದೈತ್ಯ ಬಸವನಹುಳು ಇಲ್ಲಿನದಲ್ಲ. 1847ರಲ್ಲಿ ಬೆನ್ಸನ್ ಎಂಬವರು ಮಾರಿಷಸ್‌ನಿಂದ ಕಲ್ಕತ್ತೆಗೆ ತಂದದ್ದು. ಶ್ರೀಲಂಕಾದಲ್ಲಿ ದೊಡ್ಡ ಗಾತ್ರದ ಮಿಂಚುಹುಳುವೊಂದರ ಮರಿ ಈ ಬಸವನಹುಳುವನ್ನು ತಿನ್ನುವುದು ಕಂಡುಬಂದಿದೆ. ಹಾಗೆಂದು ಮಿಂಚುಹುಳುವೊಂದೇ ಈ ಪಿಡುಗನ್ನು ನೀಗಿಸೀತೆಂದು ಭಾವಿಸಲಾಗದು. ಆದರೆ ಮೆಟಾಲ್ಡಿಹೈಡ್ ವಿಷದ ಗುಳಿಗೆಯನ್ನು ತೋಟದ ತುಂಬ ಎರಚಿದರೆ ಮಿಂಚುಹುಳುವಿನ ಮರಿಗೆ ಆಹಾರವಾದ ಊರಿನ ಸಣ್ಣ ಬಸವನಹುಳುಗಳೂ ಸಾಯುತ್ತವೆ. ವೈರಿಯೊಡನೆ ಮಿತ್ರನನ್ನೂ ಕಳೆದುಕೊಂಡಂತಾಗುತ್ತದೆ. ಸಂಜೆಯ ಹೊತ್ತು ಒದ್ದೆ ಗೋಣಿಚೀಲ, ಪಪ್ಪಾಯಿ ಎಲೆಗಳನ್ನಿಟ್ಟು ದೈತ್ಯ ಹುಳುಗಳನ್ನು ಒಂದೆಡೆ ಸೇರಿಸಿ, ಕೈಗವಸು ತೊಟ್ಟು ಆರಿಸಿ, ಸುಣ್ಣ ಹಾಕಿ ಗುಂಡಿಯಲ್ಲಿ ಹೂಳುವುದು ಶ್ರಮದ ಕೆಲಸವಾದರೂ ಸುರಕ್ಷಿತ. ಅಕ್ಕಪಕ್ಕದ ತೋಟದವರು ಏಕಕಾಲಕ್ಕೆ ಮಾಡಿದರೆ ಮಾತ್ರ ಇದು ಫಲಕಾರಿ.

ಜಗತ್ತಿನ ವಿವಿಧ ಭಾಗಗಳ ತಜ್ಞರ ಅಭಿಪ್ರಾಯವನ್ನು ಕ್ರೋಡೀಕರಿಸಿ 2020ರಲ್ಲಿ ‘ಬಯೋಸೈನ್ಸ್’ ಪತ್ರಿಕೆ ಪ್ರಕಟಿಸಿದ ಲೇಖನವು ಮಿಂಚುಹುಳುಗಳಿಗೆ ಮೂರು ಮುಖ್ಯ ಅಪಾಯಗಳನ್ನು ಗುರುತಿಸಿದೆ: ನೆಲೆಯ ನಾಶ, ಕೃತಕ ಬೆಳಕು, ಕೀಟನಾಶಕ. ಮಲೆನಾಡಿನಲ್ಲಿ ಈ ಮೂರೂ ಇವೆ. ಗದ್ದೆ ಬೀಳುಬಿದ್ದು ನಿವೇಶನವಾದಾಗ, ಕಳೆನಾಶಕದಿಂದ ನೆಲ ಬೋಳಾದಾಗ, ಕಾಡುಮರದ ನೆರಳು ತೆಳುವಾಗಿ ತರಗೆಲೆ ಒಣಗಿದಾಗ ಮರಿಹುಳುವಿನ ಮನೆ ಹೋಯಿತು. ಅಂಗಳದಲ್ಲಿ ರಾತ್ರಿಯಿಡೀ ಉರಿಯುವ ಬಿಳಿಯ ಎಲ್‌ಇಡಿ ದೀಪದೆದುರು ಗಂಡಿನ ಸಂಕೇತ ಹೆಣ್ಣಿಗೆ ಕಾಣದು. ಹಲವು ಪ್ರಭೇದಗಳ ಹೆಣ್ಣಿಗೆ ರೆಕ್ಕೆಯೇ ಇಲ್ಲ. ಹೀಗಾಗಿ ಒಂದು ತೋಟದಿಂದ ಅಳಿದರೆ ಪಕ್ಕದ ತೋಟದಿಂದ ಹಾರಿಬಂದು ಮತ್ತೆ ನೆಲೆಸುವುದು ಅವುಗಳಿಗೆ ಸಾಧ್ಯವಾಗದು.

ಮಾಡಬೇಕಾದ ಕೆಲಸ ದೊಡ್ಡದೇನಲ್ಲ. ಮೇ ತಿಂಗಳ ನಡುವಿನಿಂದ ಜೂನ್ ನಡುವಿನವರೆಗೆ ಅನವಶ್ಯಕ ಹೊರದೀಪಗಳನ್ನು ಆರಿಸುವುದು. ಬೇಕೇ ಬೇಕಾದ ದೀಪಕ್ಕೆ ಮುಚ್ಚಳ ಹಾಕಿ ಬೆಳಕು ನೆಲಕ್ಕಷ್ಟೇ ಬೀಳುವಂತೆ ಮಾಡುವುದು. ತರಗೆಲೆಗೆ ಬೆಂಕಿ ಹಚ್ಚದಿರುವುದು. ತೋಡಿನ ಇಕ್ಕೆಲದಲ್ಲಿ ಕೆಲವು ಅಡಿ ಅಗಲದ ನೆಲವನ್ನು ವಿಷ ಸೋಕದಂತೆ ಬಿಡುವುದು. ಜೊತೆಗೆ ಪ್ರತಿ ವರ್ಷ ಒಂದೇ ಜಾಗದಲ್ಲಿ, ಒಂದೇ ಹೊತ್ತಿನಲ್ಲಿ ಹತ್ತು ನಿಮಿಷ ನಿಂತು ಕಂಡ ಮಿಂಚುಗಳನ್ನು ಶಾಲಾ ಮಕ್ಕಳಿಂದ ಎಣಿಸಿ ಬರೆಸಿಟ್ಟರೆ, ಹತ್ತು ವರ್ಷಗಳ ಬಳಿಕ ಆ ಪುಸ್ತಕವೇ ಈ ಊರಿನ ಮಣ್ಣಿನ ಆರೋಗ್ಯದ ದಾಖಲೆಯಾಗುತ್ತದೆ. ಮುಂಬರುವ ರೋಹಿಣಿಯಿಂದಲೇ ಈ ಎಣಿಕೆ ಆರಂಭವಾಗಲಿ.