ದಯೆ, ತೀರ್ಪು, ಕ್ಷಮೆ: ನೆರೆಯವರ ಧರ್ಮ ನಮಗೆ ಕೇಳುವ ಪ್ರಶ್ನೆ

(ಪುತ್ತೂರು, ಸುಳ್ಯ, ಕಡಬ ತಾಲ್ಲೂಕುಗಳ ಬಸವಾಭಿಮಾನಿಗಳ ಚಿಂತನಗೋಷ್ಠಿಯಲ್ಲಿ ಮಾಡಿದ ಉಪನ್ಯಾಸದ ಬರಹರೂಪ)



 

ಬಸವತತ್ತ್ವದ ಗೋಷ್ಠಿಯಲ್ಲಿ ಕ್ರೈಸ್ತರ ವಿಚಾರ ಏಕೆ ಎಂದು ಕೆಲವರಿಗೆ ಅನ್ನಿಸಬಹುದು. ಕಾರಣ ಸರಳ. ಈ ಮೂರು ತಾಲ್ಲೂಕುಗಳಲ್ಲಿ ಲಿಂಗಾಯತರ ಸಂಖ್ಯೆ ಕಡಿಮೆ. ನಮ್ಮಲ್ಲಿ ಹಲವರು ಘಟ್ಟದ ಮೇಲಿನಿಂದ ನೌಕರಿಗೆಂದು ಇಳಿದು ಬಂದು ಇಲ್ಲಿ ನೆಲೆ ನಿಂತವರು. ನಮ್ಮ ಅಕ್ಕಪಕ್ಕದಲ್ಲಿ ಕ್ರೈಸ್ತರಿದ್ದಾರೆ. ಅವರೂ ಒಂದೇ ಬಗೆಯವರಲ್ಲ. ಕೊಂಕಣಿ ಮಾತಾಡುವ ಕೆಥೋಲಿಕರಿದ್ದಾರೆ. ಕೇರಳದಿಂದ ಬಂದು ಕಾಡುಗುಡ್ಡಗಳಲ್ಲಿ ರಬ್ಬರು ಬೆಳೆಸಿದ, ಮಲಯಾಳ ಮಾತಾಡುವ ಸಿರಿಯನ್ ಸಂಪ್ರದಾಯದವರು ಕಡಬ, ನೆಲ್ಯಾಡಿ ಕಡೆ ಇದ್ದಾರೆ. ಮಲಂಕರ ಕೆಥೋಲಿಕರಿಗೆ 2010ರಲ್ಲಿ ಪುತ್ತೂರೇ ಒಂದು ಧರ್ಮಪ್ರಾಂತ್ಯವಾಯಿತು. 1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನ್ನಿನ ಪರಂಪರೆಯ ಪ್ರೊಟೆಸ್ಟಂಟರೂ ಇದ್ದಾರೆ. 1958ರಲ್ಲಿ ಆರಂಭವಾದ ಪುತ್ತೂರಿನ ಸಂತ ಫಿಲೋಮಿನಾ ಕಾಲೇಜಿನಲ್ಲಿ ಎಲ್ಲ ಜಾತಿ ಮತಗಳ ಮಕ್ಕಳು ಓದಿದ್ದಾರೆ. ಅವರ ಮದುವೆಗೆ ಹೋಗುತ್ತೇವೆ, ಅಂತ್ಯಕ್ರಿಯೆಗೆ ಹೋಗುತ್ತೇವೆ. ಅವರು ಏನನ್ನು ನಂಬುತ್ತಾರೆ ಎಂದು ಮಾತ್ರ ಕೇಳಿ ತಿಳಿದವರು ಕಡಿಮೆ.

ಇನ್ನೊಂದು ಋಣವೂ ಇದೆ. ನಮ್ಮ ಬಸವಪುರಾಣ, ಚೆನ್ನಬಸವಪುರಾಣಗಳನ್ನು ಅಚ್ಚಿಗೆ ತಂದವರಲ್ಲಿ ಬಾಸೆಲ್ ಮಿಷನ್ನಿನ ಹರ್ಮನ್ ಮೋಗ್ಲಿಂಗ್ ಮೊದಲಿಗರು. ಮತಪ್ರಚಾರ ಅವರ ಉದ್ದೇಶವಾಗಿತ್ತು, ಅದನ್ನು ಮುಚ್ಚಿಡಬೇಕಾಗಿಲ್ಲ. ಆದರೂ ನಮ್ಮ ಗ್ರಂಥವನ್ನು ಅವರು ಕೂತು ಓದಿದರು. ಅವರ ಗ್ರಂಥವನ್ನು ನಾವೂ ಒಮ್ಮೆ ಕೂತು ಓದುವುದು ನ್ಯಾಯ.

ನಮ್ಮಲ್ಲಿ ಒಂದು ಮಾತು ಬಹಳ ಕೇಳಿಬರುತ್ತದೆ: "ಅವರದು ಸುಲಭ. ವಾರವೆಲ್ಲ ಏನು ಬೇಕಾದರೂ ಮಾಡಬಹುದು, ಪಾದ್ರಿಯ ಕಿವಿಯಲ್ಲಿ ಹೇಳಿದರೆ ಮುಗಿಯಿತು." ಇದು ನಿಜವೇ? ಇಲ್ಲ.

ಕೆಥೋಲಿಕರಲ್ಲಿ ಪಾಪನಿವೇದನೆ ಒಂದು ಸಂಸ್ಕಾರ. ವರ್ಷಕ್ಕೊಮ್ಮೆಯಾದರೂ ಅದನ್ನು ಮಾಡಲೇಬೇಕೆಂದು 1215ರ ಲ್ಯಾಟರನ್ ಮಹಾಸಭೆ ವಿಧಿಸಿತು. ಅಂದರೆ ಕಲ್ಯಾಣದ ಕ್ರಾಂತಿಯಾಗಿ ಸುಮಾರು ಐವತ್ತು ವರ್ಷಕ್ಕೆ. ಅದಕ್ಕೆ ಹಂತಗಳಿವೆ. ಮೊದಲು ತನ್ನ ನಡತೆಯನ್ನು ತಾನೇ ಪರೀಕ್ಷಿಸಿಕೊಳ್ಳಬೇಕು. ಮನಸಾರೆ ನೊಂದುಕೊಳ್ಳಬೇಕು. ಇನ್ನು ಮಾಡೆನೆಂದು ನಿಶ್ಚಯಿಸಬೇಕು. ಬಾಯಿಬಿಟ್ಟು ಹೇಳಬೇಕು. ಗುರು ವಿಧಿಸಿದ ಪ್ರಾಯಶ್ಚಿತ್ತವನ್ನು ನಡೆಸಬೇಕು. ಕೇಳಿದ್ದನ್ನು ಗುರು ಜೀವ ಹೋದರೂ ಹೊರಗೆ ಆಡುವಂತಿಲ್ಲ. ಬಹಳ ಜನಕ್ಕೆ ಗೊತ್ತಿಲ್ಲದ ಇನ್ನೊಂದು ನಿಯಮವೂ ಇದೆ. ಕದ್ದ ಮಾಲನ್ನು ಹಿಂದಿರುಗಿಸಬೇಕು. ಯಾರ ಮಾನ ಕಳೆದೆನೋ ಅವರ ಮಾನವನ್ನು ಮರಳಿ ನಿಲ್ಲಿಸಬೇಕು. ದೇವರು ಕ್ಷಮಿಸಿದ ಎಂಬ ಕಾರಣಕ್ಕೆ ಮನುಷ್ಯನಿಗೆ ಕೊಡಬೇಕಾದ ಬಾಕಿ ಮನ್ನಾ ಆಗುವುದಿಲ್ಲ.

ಕ್ಷಮೆಯನ್ನು ಹಣಕ್ಕೆ ಮಾರಿದ ಕಾಲವೂ ಅವರ ಚರಿತ್ರೆಯಲ್ಲಿ ಇತ್ತು. ಪಾಪದ ಶಿಕ್ಷೆ ಕಡಿಮೆಯಾಗುತ್ತದೆ ಎಂಬ ಪತ್ರಗಳನ್ನು ಕಾಸಿಗೆ ಕೊಡುತ್ತಿದ್ದರು. ಅದನ್ನು ಪ್ರತಿಭಟಿಸಿಯೇ 1517ರಲ್ಲಿ ಮಾರ್ಟಿನ್ ಲೂಥರ್ ತನ್ನ 95 ವಾದಗಳನ್ನು ಮುಂದಿಟ್ಟ. ದೇವರಿಗೂ ಮನುಷ್ಯನಿಗೂ ನಡುವೆ ದಲ್ಲಾಳಿ ಬೇಡ ಎಂದ. ಅದಕ್ಕೂ ಮುನ್ನೂರೈವತ್ತು ವರ್ಷ ಮೊದಲು ಇಷ್ಟಲಿಂಗವನ್ನು ಭಕ್ತನ ಅಂಗೈಗೇ ಕೊಟ್ಟು ದಲ್ಲಾಳಿಯನ್ನು ಹೊರಗಿಟ್ಟವರು ನಮ್ಮ ಶರಣರು. ಆದರೆ ಇಂದು ಹರಕೆ, ಶಾಂತಿ, ದೋಷಪರಿಹಾರ ಎಂದು ರಸೀದಿ ಹರಿಸಿಕೊಳ್ಳುವ ಸಾಲಿನಲ್ಲಿ ನಮ್ಮವರೂ ನಿಂತಿರುತ್ತಾರೆ. ಹಾಗಿರುವಾಗ ಇನ್ನೊಬ್ಬರ ಪಾಪನಿವೇದನೆಯನ್ನು ಅಗ್ಗ ಎನ್ನುವ ಅಧಿಕಾರ ನಮಗೆಲ್ಲಿದೆ?

ಯೇಸು ಹೇಳಿದ ಸಾಮತಿಗಳಲ್ಲಿ ಲೆಕ್ಕ ಬಲ್ಲವರಿಗೆ ಥಟ್ಟನೆ ಹಿಡಿಸುವ ಒಂದನ್ನು ಹೇಳುತ್ತೇನೆ. ಅದು ಮತ್ತಾಯನ ಸುವಾರ್ತೆಯ 18ನೆಯ ಅಧ್ಯಾಯದಲ್ಲಿದೆ. ಒಬ್ಬ ಸೇವಕ ಅರಸನಿಗೆ ಹತ್ತು ಸಾವಿರ ತಲಾಂತು ಸಾಲ ಕೊಡಬೇಕಾಗಿತ್ತು. ತಲಾಂತು ಎಂದರೆ ಸುಮಾರು 6,000 ದಿನಾರಿ. ಒಂದು ದಿನಾರಿ ಒಂದು ದಿನದ ಕೂಲಿ. ಅಂದರೆ ಸಾಲ 6 ಕೋಟಿ ದಿನಗೂಲಿ. ಒಬ್ಬನೇ ದುಡಿದು ತೀರಿಸಹೊರಟರೆ 1 ಲಕ್ಷ 64 ಸಾವಿರ ವರ್ಷ ಬೇಕು. ಸೇವಕ ಕಾಲಿಗೆ ಬಿದ್ದ. ಅರಸ ಮರುಗಿ ಎಲ್ಲವನ್ನೂ ಬಿಟ್ಟುಬಿಟ್ಟ. ಅದೇ ಸೇವಕ ಹೊರಗೆ ಬಂದು, ತನಗೆ ಬರೀ ನೂರು ದಿನಾರಿ ಕೊಡಬೇಕಾಗಿದ್ದ ಜೊತೆಯವನ ಕುತ್ತಿಗೆ ಹಿಡಿದು ಸೆರೆಗೆ ತಳ್ಳಿಸಿದ. ಆರು ಲಕ್ಷಕ್ಕೆ ಒಂದು, ಇದು ಎರಡು ಸಾಲಗಳ ಪ್ರಮಾಣ. ಅರಸ ಸಿಟ್ಟಾಗಿ ತಾನು ತೋರಿದ ದಯೆಯನ್ನೇ ಹಿಂತೆಗೆದುಕೊಂಡ.

ಕ್ರೈಸ್ತ ಬೋಧನೆಯಲ್ಲಿ ದಯೆಗೂ ತೀರ್ಪಿಗೂ ಇರುವ ನಂಟು ಇಲ್ಲಿದೆ. ದಯೆ ಮೊದಲು ಬರುತ್ತದೆ, ಬೇಡಿದವನ ಯೋಗ್ಯತೆ ನೋಡದೆ ಬರುತ್ತದೆ. ತೀರ್ಪು ಬರುವುದು, ಪಡೆದ ದಯೆಯನ್ನು ನೀನು ಮುಂದಕ್ಕೆ ಹರಿಯಲು ಬಿಟ್ಟೆಯೋ ಕಟ್ಟೆ ಹಾಕಿದೆಯೋ ಎಂಬುದರ ಮೇಲೆ. ಅವರು ದಿನವೂ ಹೇಳುವ ಪ್ರಾರ್ಥನೆಯಲ್ಲೂ ತಾನು ಇತರರನ್ನು ಕ್ಷಮಿಸಿದಂತೆ ತನ್ನನ್ನು ಕ್ಷಮಿಸು ಎಂಬ ಬೇಡಿಕೆ ಇದೆ. ಹಾಗೆ ಬೇಡುವವನು ತನ್ನ ಕೊರಳಿಗೆ ತಾನೇ ಷರತ್ತು ಕಟ್ಟಿಕೊಳ್ಳುತ್ತಾನೆ.

ಕಡೆಯ ತೀರ್ಪಿನ ಚಿತ್ರ ಅದೇ ಗ್ರಂಥದ 25ನೆಯ ಅಧ್ಯಾಯದಲ್ಲಿದೆ. ಅಲ್ಲಿ ನ್ಯಾಯಾಧಿಪತಿ ಎಷ್ಟು ಪೂಜೆ ಮಾಡಿದೆ ಎಂದು ಕೇಳುವುದಿಲ್ಲ. ಹಸಿದವನಿಗೆ ಉಣಿಸಿದೆಯಾ, ಬಾಯಾರಿದವನಿಗೆ ನೀರು ಕೊಟ್ಟೆಯಾ, ಪರದೇಶಿಗೆ ಆಸರೆ ಕೊಟ್ಟೆಯಾ, ಸೆರೆಯಲ್ಲಿದ್ದವನನ್ನು ನೋಡಲು ಹೋದೆಯಾ ಎಂದು ಕೇಳುತ್ತಾನೆ. ದಾಸೋಹದ ಅರ್ಥ ಬಲ್ಲವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಸರ್ಕಾರಿ ಸೇವೆಯಲ್ಲಿರುವ ತರುಣರಿಗೆ ಜಕ್ಕಾಯನ ಕಥೆ ಹೇಳಬೇಕು. ಅವನು ಜೆರಿಕೊ ಊರಿನ ಸುಂಕದ ಮುಖ್ಯಾಧಿಕಾರಿ. ಇಲಾಖೆಯ ಬಲದಿಂದ ಧನಿಕನಾದವನು. ಯೇಸು ಅವನ ಮನೆಗೆ ತಾನಾಗಿ ಅತಿಥಿಯಾಗಿ ಹೋದ. ಊರವರು ಗೊಣಗಿದರು. ಜಕ್ಕಾಯ ಎದ್ದು ನಿಂತು, ಆಸ್ತಿಯಲ್ಲಿ ಅರ್ಧ ಬಡವರಿಗೆ ಕೊಡುವುದಾಗಿಯೂ, ಮೋಸದಿಂದ ಪಡೆದದ್ದನ್ನು ನಾಲ್ಕು ಪಟ್ಟು ಹಿಂದಿರುಗಿಸುವುದಾಗಿಯೂ ಮಾತು ಕೊಟ್ಟ. ಅವನು ಹಣವನ್ನು ದೇವಾಲಯದ ಹುಂಡಿಗೆ ಹಾಕಲಿಲ್ಲ, ಕಳೆದುಕೊಂಡವರ ಕೈಗೆ ಹಾಕಿದ. ನನ್ನ ವೃತ್ತಿಯ ಭಾಷೆಯಲ್ಲಿ ಹೇಳುವುದಾದರೆ, ತಳಪಾಯ ಕುಸಿದು ಗೋಡೆ ಬಿರುಕು ಬಿಟ್ಟಾಗ ಮೇಲೆ ಗಿಲಾವು ಬಳಿದು ಸುಣ್ಣ ಹೊಡೆಯುವವರಿದ್ದಾರೆ. ಒಂದು ಮಳೆಗಾಲ ಕಳೆಯುವಷ್ಟರಲ್ಲಿ ಬಿರುಕು ಅದೇ ಜಾಗದಲ್ಲಿ ಮತ್ತೆ ಬಾಯಿಬಿಡುತ್ತದೆ. ಕಾಮಗಾರಿಯಲ್ಲಿ ಕದ್ದ ಹಣದಲ್ಲಿ ಜಾತ್ರೆಗೆ ಬೆಳ್ಳಿ ಕೊಡುವುದು ಗಿಲಾವು; ಜಕ್ಕಾಯ ಮಾಡಿದ್ದು ತಳಪಾಯದ ಕೆಲಸ.

ಕ್ಷಮಿಸಿದರೆ ಕಾನೂನು ಏನಾಗಬೇಕು ಎಂಬ ಪ್ರಶ್ನೆಗೆ ನಮ್ಮ ದೇಶದಲ್ಲೇ ಉತ್ತರವಿದೆ. 1999ರ ಜನವರಿ 22ರ ನಡುರಾತ್ರಿ ಕಳೆದ ಮೇಲೆ ಒಡಿಶಾದ ಮನೋಹರಪುರದಲ್ಲಿ ಗ್ರಹಾಂ ಸ್ಟೇನ್ಸ್ ಅವರನ್ನೂ ಅವರ ಇಬ್ಬರು ಎಳೆಯ ಗಂಡುಮಕ್ಕಳನ್ನೂ ವಾಹನದಲ್ಲಿ ಮಲಗಿದ್ದಂತೆಯೇ ಸುಟ್ಟು ಕೊಂದರು. ಅವರು ಕುಷ್ಠರೋಗಿಗಳ ಸೇವೆಯಲ್ಲಿದ್ದವರು. ಪತ್ನಿ ಗ್ಲಾಡಿಸ್ ಕೊಂದವರನ್ನು ಕ್ಷಮಿಸಿದ್ದೇನೆ ಎಂದರು. ರೋಗಿಗಳನ್ನು ಬಿಟ್ಟು ಓಡಿಹೋಗಲೂ ಇಲ್ಲ. ಆದರೆ ಅವರ ಕ್ಷಮೆಯಿಂದ ವಿಚಾರಣೆ ನಿಲ್ಲಲಿಲ್ಲ. ಮುಖ್ಯ ಆರೋಪಿಗೆ ಕೆಳ ನ್ಯಾಯಾಲಯ ಮರಣದಂಡನೆ ವಿಧಿಸಿತು. ಹೈಕೋರ್ಟು 2005ರಲ್ಲಿ ಅದನ್ನು ಜೀವಾವಧಿಗೆ ಇಳಿಸಿತು. 2011ರಲ್ಲಿ ಸುಪ್ರೀಂ ಕೋರ್ಟು ಅದನ್ನೇ ಎತ್ತಿಹಿಡಿಯಿತು.

ಇನ್ನೊಂದು ಉದಾಹರಣೆ ಕೇರಳದ ಸಿಸ್ಟರ್ ರಾಣಿ ಮರಿಯಾ ಅವರದು. ಮಧ್ಯಪ್ರದೇಶದಲ್ಲಿ ಬಡ ಕೂಲಿಗಳನ್ನು ಸಂಘಟಿಸಿದ್ದಕ್ಕೆ 1995ರ ಫೆಬ್ರವರಿ 25ರಂದು ಅವರನ್ನು ಬಸ್ಸಿನಿಂದ ಎಳೆದು ಇರಿದು ಕೊಂದರು. ಕೊಂದ ಸಮಂದರ್ ಸಿಂಗ್ ಜೈಲಿನಲ್ಲಿದ್ದಾಗ 2002ರಲ್ಲಿ ಮೃತರ ತಂಗಿ ಸಿಸ್ಟರ್ ಸೆಲ್ಮಿ ಹೋಗಿ ಅವನ ಕೈಗೆ ರಾಖಿ ಕಟ್ಟಿದರು. ಅವನ ಬಿಡುಗಡೆಗೆ ಕುಟುಂಬವೇ ಬೆಂಬಲ ಕೊಟ್ಟಿತು. 2006ರಲ್ಲಿ ಅವನು ಹೊರಬಂದ. ಹನ್ನೊಂದು ವರ್ಷ ಸೆರೆ ಅನುಭವಿಸಿದ ಮೇಲೆ ಬಂದ ಬಿಡುಗಡೆ ಅದು. ಶಿಕ್ಷೆಯೂ ನಡೆಯಿತು, ಕ್ಷಮೆಯೂ ನಡೆಯಿತು. ನಿಂತದ್ದು ಸೇಡು ಮಾತ್ರ.

ಈಗ ನಮ್ಮ ಜಿಲ್ಲೆಗೆ ಬರೋಣ. 2022ರ ಜುಲೈನಲ್ಲಿ ಹತ್ತು ದಿನಗಳೊಳಗೆ ಮೂವರು ಯುವಕರು ಕೊಲೆಯಾದರು; ಎರಡು ಕೃತ್ಯ ಸುಳ್ಯ ತಾಲ್ಲೂಕಿನ ಬೆಳ್ಳಾರೆಯ ಆಸುಪಾಸಿನಲ್ಲಿ, ಮೂರನೆಯದು ಸುರತ್ಕಲ್ಲಿನಲ್ಲಿ. ಮೂರು ಮನೆಗಳ ತಾಯಂದಿರ ಅಳುವಿಗೆ ಮತವಿರಲಿಲ್ಲ. ಸತ್ತವನು ಯಾರ ಕಡೆಯವನು ಎಂದು ಕೇಳಿ ಆಮೇಲೆ ಕಣ್ಣೀರು ಹಾಕುವ ಸಮಾಜದಲ್ಲಿ ಕ್ಷಮೆಯ ವಿಚಾರ ಬರೀ ಪಾರಮಾರ್ಥಿಕವಲ್ಲ, ಜೀವ ಉಳಿಸುವ ವಿಚಾರ.

ಒಂದು ವ್ಯತ್ಯಾಸವನ್ನು ಸ್ಪಷ್ಟವಾಗಿ ಹೇಳಬೇಕು. ಎಲ್ಲರ ಪಾಪವನ್ನೂ ಕ್ರಿಸ್ತನು ಶಿಲುಬೆಯ ಮೇಲೆ ಹೊತ್ತನು ಎಂಬುದು ಅವರ ನಂಬಿಕೆಯ ನಡುಗಂಬ. ಒಬ್ಬರ ತಪ್ಪನ್ನು ಇನ್ನೊಬ್ಬರು ಹೊರುವ ಮಾತನ್ನು ನಮ್ಮ ಶರಣರು ಹೇಳಲಿಲ್ಲ. ಸ್ವರ್ಗ ನರಕಗಳನ್ನು ಅವರು ಇಲ್ಲಿನ ಆಚಾರ ಅನಾಚಾರಗಳಲ್ಲೇ ಕಂಡರು. ನಾನು ಶರಣರ ದಾರಿಯವನು. ಆದರೆ ನಂಬಿಕೆ ಬೇರೆಯಾದರೂ ನಡೆ ಕಲಿಯುವುದಕ್ಕೆ ಅಡ್ಡಿಯಿಲ್ಲ.

ನಮ್ಮಲ್ಲಿ ಕ್ಷಮೆಯ ತತ್ತ್ವ ಇಲ್ಲವೇ? ಇದೆ. ಮನೆಯ ಹಸುಗಳನ್ನು ಕಳ್ಳರು ಹೊಡೆದುಕೊಂಡು ಹೋದಾಗ ಬಸವಣ್ಣನವರು ಕರುಗಳನ್ನೂ ಕಳಿಸಿಕೊಟ್ಟ ಕಥೆ ಎಲ್ಲರಿಗೂ ಗೊತ್ತು. ಕಳ್ಳತನ ಮಾಡುತ್ತಿದ್ದ ಪೆದ್ದಣ್ಣ ಗುರುಕೃಪೆಯಿಂದ ಉರಿಲಿಂಗಪೆದ್ದಿಯಾದರು. ಕನ್ನ ಕೊರೆಯುತ್ತಿದ್ದವರು ಕನ್ನದ ಮಾರಿತಂದೆಯಾದರು. ಸಂಕವ್ವ ಅನುಭಾವಿಗಳ ಸಾಲಿನಲ್ಲಿ ಕೂತಳು. ಇವರ ಹಿಂದಿನ ಬಾಳಿನ ಗುರುತು ಹೆಸರಿನಲ್ಲೇ ಉಳಿದಿದೆ, ಆದರೂ ಅದು ಕಳಂಕವಾಗಲಿಲ್ಲ. ಲಿಂಗದೀಕ್ಷೆ ಆದವನ ಪೂರ್ವಾಶ್ರಯವನ್ನು ಕೇಳಬಾರದು ಎಂಬ ನಿಯಮ ನಮ್ಮದು. ಲೋಕದ ಯಾವ ಧರ್ಮದ ಕ್ಷಮೆಗೂ ಇದು ಕಡಿಮೆಯದಲ್ಲ. ಅವರು ಪಾಪವನ್ನು ಕಳೆಯುವ ಮಾತಾಡಿದರೆ, ನಮ್ಮವರು ಹುಟ್ಟನ್ನೇ ಪಾಪವೆಂದು ಹೊರಿಸಿದ್ದ ತೀರ್ಪನ್ನು ರದ್ದು ಮಾಡಿದರು.

ಆದರೆ ಬಂಧುಗಳೇ, ಇಂದು ಹೆಣ್ಣು ಗಂಡು ನೋಡುವಾಗ ನಮ್ಮ ಮೊದಲ ಪ್ರಶ್ನೆ ಯಾವುದು? "ನಿಮ್ಮದು ಯಾವ ಪಂಗಡ?" ಅದು ಪೂರ್ವಾಶ್ರಯವನ್ನೇ ಕೇಳುವ ಪ್ರಶ್ನೆ. ಹರಳಯ್ಯ ಮಧುವರಸರು ಬೀಗರಾಗಿದ್ದಕ್ಕೆ ಎಳೆಹೂಟೆಯ ತೀರ್ಪು ಕೊಟ್ಟದ್ದು ಬಿಜ್ಜಳನ ಆಸ್ಥಾನ. ಅಂಥ ಮದುವೆ ಮಾಡಿಕೊಂಡ ಮಕ್ಕಳಿಗೆ ಮನೆ ಬಾಗಿಲು ಮುಚ್ಚುವ ತೀರ್ಪು ಕೊಡುತ್ತಿರುವವರು ನಾವು. ಮುಂದೆ ಶರಣರ ಕಡೆಯವರೇ ಬಿಜ್ಜಳನನ್ನು ಕೊಂದರೆಂದು ಪುರಾಣಗಳು ಹೇಳುತ್ತವೆ. ಅದನ್ನು ಶೌರ್ಯವೆಂದು ಹಾಡುವ ಮೊದಲು, ಅದರಿಂದ ಕಲ್ಯಾಣಕ್ಕೆ ಏನು ಉಳಿಯಿತು ಎಂದು ಕೇಳಿಕೊಳ್ಳಬೇಕು. ಬಸವಣ್ಣನವರು ಹಿಡಿದ ದಾರಿ ಕೂಡಲಸಂಗಮದ್ದು, ಕತ್ತಿಯದಲ್ಲ.

ಕೊನೆಗೆ ಮೂರು ಸಲಹೆಗಳು. ಮೊದಲನೆಯದು, ಇಷ್ಟಲಿಂಗ ಪೂಜೆಗೆ ಕೂರುವ ಮುನ್ನ ಯಾರೊಡನೆ ಮಾತು ಬಿಟ್ಟಿದ್ದೇವೆ ಎಂದು ನೆನೆದು, ಸಾಧ್ಯವಾದರೆ ಆ ದಿನವೇ ಹೋಗಿ ಮಾತಾಡಿಸೋಣ. ಬಲಿಪೀಠದ ಮುಂದೆ ಕಾಣಿಕೆ ಇಟ್ಟು, ಮೊದಲು ಹೋಗಿ ಸಹೋದರನೊಡನೆ ರಾಜಿಯಾಗಬೇಕೆಂದು ಯೇಸುವೂ ಬೋಧಿಸಿದ್ದ. ಎರಡನೆಯದು, ನಮ್ಮ ಗೋಷ್ಠಿಗೆ ಬರುವವರ ಪಂಗಡವನ್ನು ಯಾರೂ ಕೇಳದಿರೋಣ. ಬೇರೆ ಮದುವೆಯ ಕಾರಣಕ್ಕೆ ದೂರವಿಟ್ಟ ಮಕ್ಕಳನ್ನು ಬರುವ ಬಸವಜಯಂತಿಗೆ ನಾವೇ ಹೋಗಿ ಕರೆಯೋಣ. ಮೂರನೆಯದು, ಶಿಕ್ಷೆ ಮುಗಿಸಿ ಜೈಲಿನಿಂದ ಬಂದವನಿಗೆ ಒಂದು ಕಾಯಕ ಕೊಡುವುದಾದರೆ ಅದನ್ನು ದಾಸೋಹವೆಂದೇ ತಿಳಿಯೋಣ. ನ್ಯಾಯಾಲಯದ ತೀರ್ಪಿಗೆ ಅವಧಿ ಇದೆ. ಊರಿನ ತೀರ್ಪಿಗೂ ಒಂದು ಕೊನೆ ಇರಬೇಕು.

ದಯೆಯನ್ನೇ ಧರ್ಮದ ಮೂಲ ಎಂದ ಗುರುವಿನ ಮಕ್ಕಳು ನಾವು. ನೆರೆಯವರು ಅದನ್ನು ತಮ್ಮ ಮಾತಿನಲ್ಲಿ ನೆನಪಿಸಿದರೆ ಅವರಿಗೂ ಶರಣು.